ಬಾಡಿಗೆ ವ್ಯಾಜ್ಯಕ್ಕೆ ಬಾಗಿಲು ಯಾವುದು? ವಕ್ಫ್ ನ್ಯಾಯಮಂಡಳಿ ನಡೆದುಬಂದ ದಾರಿ

ನಮ್ಮ ವಕೀಲರ ಸಂಘದ ಸ್ಮರಣ ಸಂಚಿಕೆಗೆ ಒಂದು ನ್ಯಾಯಸಂಸ್ಥೆಯ ಚರಿತ್ರೆ ಬರೆದುಕೊಡಿ ಎಂದು ಸಂಪಾದಕ ಮಂಡಳಿ ಕೇಳಿದಾಗ ನಾನು ಆರಿಸಿಕೊಂಡದ್ದು ವಕ್ಫ್ ನ್ಯಾಯಮಂಡಳಿಯನ್ನು. ಅದಕ್ಕೆ ಒಬ್ಬ ಹಿರಿಯ ಮುತವಲ್ಲಿ ನನಗೆ ಕೇಳಿದ ಪ್ರಶ್ನೆಯೇ ಕಾರಣ.

2014ರ ಮಾತು. ಅವರು ನೋಡಿಕೊಳ್ಳುತ್ತಿದ್ದ ಮಸೀದಿಯ ಕಾಂಪೌಂಡಿಗೆ ತಾಗಿ ಒಂದು ಅಂಗಡಿ ಸಾಲು ಇತ್ತು. ಒಂದು ಅಂಗಡಿಯ ಬಾಡಿಗೆದಾರರ ಮೇಲೆ ತೆರವಿನ ದಾವೆ ಹಾಕಬೇಕಿತ್ತು. ಎಷ್ಟೋ ವರ್ಷಗಳಿಂದ ಮಾಡುತ್ತ ಬಂದ ಹಾಗೆ ನೋಟಿಸು ಕೊಟ್ಟು, ವಾದಪತ್ರ ಬರೆದು, ಸಿವಿಲ್ ನ್ಯಾಯಾಲಯದಲ್ಲಿ ಸಲ್ಲಿಸಿದೆ. ಕೆಲವು ವಾಯಿದೆಗಳ ನಂತರ, ಸೂಕ್ತ ವೇದಿಕೆಯ ಮುಂದೆ ಸಲ್ಲಿಸತಕ್ಕದ್ದು ಎಂಬ ಷರಾದೊಂದಿಗೆ ವಾದಪತ್ರ ವಾಪಸ್ಸು ಬಂತು. ಹೊಸ ತಿದ್ದುಪಡಿ ಜಾರಿಗೆ ಬಂದು ಇನ್ನೂ ವರ್ಷ ತುಂಬಿರಲಿಲ್ಲ. ನನ್ನ ಅಭ್ಯಾಸ ಕಾನೂನಿಗಿಂತ ಒಂದು ಹೆಜ್ಜೆ ಹಿಂದೆ ಉಳಿದಿತ್ತು. ಮುತವಲ್ಲಿಯವರು ವಾದಪತ್ರವನ್ನು ತಿರುವಿ ನೋಡಿ, “ವಕೀಲ್ ಸಾಬ್, ಇದು ಗೆದ್ದ ಹಾಗೋ, ಸೋತ ಹಾಗೋ?” ಎಂದರು. ಎರಡೂ ಅಲ್ಲ, ತಪ್ಪು ಬಾಗಿಲು ತಟ್ಟಿದ್ದೇವೆ ಎಂದೆ. “ಸರಿಯಾದ ಬಾಗಿಲು ಯಾವುದು ಅಂತ ಇಷ್ಟು ದಿನ ಯಾರಿಗೂ ಗೊತ್ತಿರಲಿಲ್ಲವೇ?” ಎಂದು ಅವರು ಕೇಳಿದರು. ಆ ಪ್ರಶ್ನೆಗೆ ಅಂದು ಕೊಡಬೇಕಿದ್ದ ಉತ್ತರವನ್ನು ಇಂದು ಬರೆಯುತ್ತಿದ್ದೇನೆ.

ಮಾಲೀಕರು ಯಾರು?

ವಕ್ಫ್ ಎಂದರೆ ನಿಲ್ಲಿಸುವುದು, ಕಟ್ಟಿಡುವುದು. ವಾಕಿಫ್, ಅಂದರೆ ಆಸ್ತಿಯನ್ನು ಅರ್ಪಿಸುವವರು, ಅದರ ಮೇಲಿನ ತಮ್ಮ ಒಡೆತನವನ್ನು ಶಾಶ್ವತವಾಗಿ ಬಿಟ್ಟುಕೊಡುತ್ತಾರೆ. ಆಸ್ತಿ ದೇವರದಾಗುತ್ತದೆ, ಅದರ ಆದಾಯ ಮಸೀದಿಗೆ, ಮದ್ರಸಾಕ್ಕೆ, ಬಡಬಗ್ಗರಿಗೆ, ಪ್ರಯಾಣಿಕರಿಗೆ, ವಕ್ಫ್‌ನಾಮೆಯಲ್ಲಿ ಬರೆದಂತೆ ಸಲ್ಲುತ್ತದೆ. ಮುತವಲ್ಲಿ ಅದನ್ನು ನೋಡಿಕೊಳ್ಳುವವರು ಮಾತ್ರ. 1921ರಲ್ಲಿ ಪ್ರಿವಿ ಕೌನ್ಸಿಲ್ ವಿದ್ಯಾವರುತಿ ತೀರ್ಥರ ಮೊಕದ್ದಮೆಯಲ್ಲಿ ಇದನ್ನು ಸ್ಪಷ್ಟಪಡಿಸಿತು. ಮೊಕದ್ದಮೆ ಹಿಂದೂ ಮಠವೊಂದರದು. ಮಠಾಧಿಪತಿಯ ಸ್ಥಾನವನ್ನು ವಿವರಿಸುವಾಗ ನ್ಯಾಯಮೂರ್ತಿ ಸೈಯದ್ ಅಮೀರ್ ಅಲಿ ಮುತವಲ್ಲಿಯ ಸ್ಥಾನವನ್ನೂ ಜೊತೆಗಿಟ್ಟು ನೋಡಿದರು: ಇಂಗ್ಲಿಷ್ ಕಾನೂನಿನ ಟ್ರಸ್ಟಿಯಂತೆ ಇವರಿಬ್ಬರಲ್ಲಿ ಯಾರ ಕೈಗೂ ಆಸ್ತಿಯ ಒಡೆತನ ಬರುವುದಿಲ್ಲ.

ಬಾಡಿಗೆ ವ್ಯಾಜ್ಯದಲ್ಲಿ ಇದರ ಪರಿಣಾಮ ದೊಡ್ಡದು. ಸಾಮಾನ್ಯ ಮಾಲೀಕ ತನ್ನ ಅಂಗಡಿಯನ್ನು ಇಷ್ಟಬಂದ ಬಾಡಿಗೆಗೆ, ಇಷ್ಟಬಂದಷ್ಟು ಕಾಲ ಕೊಡಬಹುದು. ಮುಲಾಜಿಗೆ ಬಿದ್ದು ಬಾಡಿಗೆ ಬಿಟ್ಟರೆ ನಷ್ಟ ಅವನದೇ. ಮುತವಲ್ಲಿಗೆ ಆ ಸ್ವಾತಂತ್ರ್ಯವಿಲ್ಲ. 1995ರ ಕಾಯಿದೆಯ ಮೂಲರೂಪದಲ್ಲಿ ಮೂರು ವರ್ಷ ಮೀರಿದ ಗುತ್ತಿಗೆ ಅನೂರ್ಜಿತವಾಗಿತ್ತು, ಒಂದು ವರ್ಷ ಮೀರಿದ ಗುತ್ತಿಗೆಗೆ ವಕ್ಫ್ ಮಂಡಳಿಯ ಪೂರ್ವಾನುಮತಿ ಬೇಕಿತ್ತು. ಆದರೂ ಎಷ್ಟೋ ಊರುಗಳಲ್ಲಿ ಬಾಯಿಮಾತಿನಲ್ಲಿ ಕೊಟ್ಟ ಅಂಗಡಿಗಳು ತಂದೆಯಿಂದ ಮಗನಿಗೆ, ಮಗನಿಂದ ಮೊಮ್ಮಗನಿಗೆ ನಡೆದವು. ಕೆಲವು ಒಳಬಾಡಿಗೆಗೆ ಹೋದವು, ಕೆಲವಕ್ಕೆ ಪಗಡಿಯ ಹಣ ಕೈಬದಲಾಯಿತು. ಬಾಡಿಗೆ ಮಾತ್ರ ಅಜ್ಜನ ಕಾಲದ್ದೇ ಉಳಿಯಿತು.

ಈ ನಷ್ಟದ ಪ್ರಮಾಣವನ್ನು ದೇಶದ ಮುಂದಿಟ್ಟದ್ದು 2006ರ ಸಾಚಾರ್ ಸಮಿತಿ ವರದಿ. ಅದರ ಪ್ರಕಾರ ದೇಶದಲ್ಲಿ ನೋಂದಾಯಿತ ವಕ್ಫ್‌ಗಳು 4.9 ಲಕ್ಷ, ಜಮೀನು ಸುಮಾರು 6 ಲಕ್ಷ ಎಕರೆ, ಮಾರುಕಟ್ಟೆ ಮೌಲ್ಯ ಸುಮಾರು 1.2 ಲಕ್ಷ ಕೋಟಿ ರೂಪಾಯಿ. ವರ್ಷದ ಆದಾಯ ಮಾತ್ರ ಬರೀ 163 ಕೋಟಿ ರೂಪಾಯಿ. ಶೇ. 10ರಷ್ಟು ಪ್ರತಿಫಲ ಬಂದಿದ್ದರೂ ವರ್ಷಕ್ಕೆ 12,000 ಕೋಟಿ ಬರುತ್ತಿತ್ತು ಎಂದು ಸಮಿತಿ ಲೆಕ್ಕ ಹಾಕಿತು. ಈ ಅಂತರಕ್ಕೆ ಕಾರಣಗಳು ಹಲವು. ಅವುಗಳಲ್ಲಿ ಒಂದು ನಮ್ಮ ವೃತ್ತಿಗೆ ನೇರವಾಗಿ ಸಂಬಂಧಿಸಿದ್ದು: ಬಾಡಿಗೆ ವಸೂಲಿಗೂ ತೆರವಿಗೂ ಎಲ್ಲಿಗೆ ಹೋಗಬೇಕು ಎಂಬುದೇ ಬಹುಕಾಲ ಇತ್ಯರ್ಥವಾಗಿರಲಿಲ್ಲ.

ನ್ಯಾಯಮಂಡಳಿ ಹುಟ್ಟುವ ಮೊದಲು

ಹಳೆಯ ಕಾಲದಲ್ಲಿ ಉತ್ತರ ಸರಳವಾಗಿತ್ತು. 1908ರ ಸಿವಿಲ್ ಪ್ರಕ್ರಿಯಾ ಸಂಹಿತೆಯ 9ನೆಯ ಕಲಮಿನಂತೆ, ಸ್ಪಷ್ಟವಾಗಿಯೋ ಸೂಚ್ಯವಾಗಿಯೋ ನಿಷೇಧವಿಲ್ಲದಿದ್ದರೆ ಸಿವಿಲ್ ಸ್ವರೂಪದ ಎಲ್ಲ ದಾವೆಗಳೂ ಸಿವಿಲ್ ನ್ಯಾಯಾಲಯಕ್ಕೆ ಸೇರಿದವು. 1913ರ ವಕ್ಫ್ ಸಿಂಧುತ್ವ ಕಾಯಿದೆ, 1923ರ ಮುಸಲ್ಮಾನ್ ವಕ್ಫ್ ಕಾಯಿದೆ, ಸ್ವಾತಂತ್ರ್ಯಾನಂತರದ 1954ರ ವಕ್ಫ್ ಕಾಯಿದೆ ಒಂದೊಂದಾಗಿ ಬಂದವು. 1954ರ ಕಾಯಿದೆ ರಾಜ್ಯಗಳಲ್ಲಿ ವಕ್ಫ್ ಮಂಡಳಿಗಳಿಗೆ ಚೌಕಟ್ಟು ಕೊಟ್ಟಿತು, ಆಸ್ತಿಗಳ ಸರ್ವೆಗೆ ದಾರಿ ಮಾಡಿತು. ಆದರೆ ಆಸ್ತಿ ವಕ್ಫ್ ಹೌದೋ ಅಲ್ಲವೋ ಎಂಬ ವಿವಾದವನ್ನೂ ಅದು ಸಿವಿಲ್ ನ್ಯಾಯಾಲಯಕ್ಕೇ ಬಿಟ್ಟಿತ್ತು.

ವಕ್ಫ್‌ಗೆಂದೇ ನ್ಯಾಯಮಂಡಳಿ ಬೇಕೆಂಬ ಯೋಚನೆ 1984ರ ತಿದ್ದುಪಡಿಯಲ್ಲಿ ಕಾಣಿಸಿಕೊಂಡಿತು. ಆದರೆ ಆ ತಿದ್ದುಪಡಿಗೆ ಸಮುದಾಯದೊಳಗಿಂದಲೇ ವಿರೋಧ ಬಂದು, ಅದರ ಬಹುಪಾಲು ಜಾರಿಗೇ ಬರಲಿಲ್ಲ. ಅದು ನಿಜವಾಗಿ ರೂಪ ತಳೆದದ್ದು 1996ರ ಜನವರಿ 1ರಿಂದ ಜಾರಿಗೆ ಬಂದ 1995ರ ವಕ್ಫ್ ಕಾಯಿದೆಯಲ್ಲಿ. ಅದರ 83ನೆಯ ಕಲಮಿನಡಿ ರಾಜ್ಯ ಸರ್ಕಾರಗಳು ಅಧಿಸೂಚನೆ ಹೊರಡಿಸಿ ನ್ಯಾಯಮಂಡಳಿಗಳನ್ನು ರಚಿಸಬೇಕಿತ್ತು. ಆಗ ಅದು ಒಬ್ಬರೇ ನ್ಯಾಯಾಧಿಕಾರಿಯ ಮಂಡಳಿ. ಸಿವಿಲ್ ನ್ಯಾಯಾಲಯಕ್ಕಿರುವ ಅಧಿಕಾರಗಳೆಲ್ಲ ಅದಕ್ಕೂ ಇದ್ದವು, ಅದರ ತೀರ್ಮಾನಕ್ಕೆ ಡಿಕ್ರಿಯ ಬಲವಿತ್ತು. ಮೇಲ್ಮನವಿಗೆ ಅವಕಾಶವಿರಲಿಲ್ಲ, ಹೈಕೋರ್ಟು ಕಡತ ತರಿಸಿಕೊಂಡು ತೀರ್ಮಾನವನ್ನು ಪರಿಶೀಲಿಸಬಹುದಿತ್ತು. 85ನೆಯ ಕಲಮು ಸಿವಿಲ್ ನ್ಯಾಯಾಲಯದ ಬಾಗಿಲು ಹಾಕಿತು. ಆದರೆ ಆ ಬಾಗಿಲು ಎಷ್ಟರ ಮಟ್ಟಿಗೆ ಮುಚ್ಚಿದೆ ಎಂಬುದೇ ಮುಂದಿನ ಹದಿನೈದು ವರ್ಷಗಳ ವ್ಯಾಜ್ಯವಾಯಿತು.

ಎರಡು ಗುಂಪಾದ ಹೈಕೋರ್ಟುಗಳು

ತೊಡಕು ಇದ್ದದ್ದು ಕೆಲವೇ ಪದಗಳಲ್ಲಿ. 83ನೆಯ ಕಲಮು ವಕ್ಫ್‌ಗೆ ಅಥವಾ ವಕ್ಫ್ ಆಸ್ತಿಗೆ ಸಂಬಂಧಿಸಿದ ಯಾವುದೇ ವಿವಾದ, ಪ್ರಶ್ನೆ, ವಿಷಯ ಎಂದು ಧಾರಾಳವಾಗಿ ಹೇಳುತ್ತಿತ್ತು. 85ನೆಯ ಕಲಮು ಮಾತ್ರ, ಈ ಕಾಯಿದೆಯ ಮೂಲಕ ಅಥವಾ ಕಾಯಿದೆಯಡಿ ನ್ಯಾಯಮಂಡಳಿಯೇ ತೀರ್ಮಾನಿಸಬೇಕಾದ ವಿಷಯಗಳಲ್ಲಿ ಸಿವಿಲ್ ದಾವೆ ಕೂಡದು ಎಂದಿತ್ತು. ಬಾಡಿಗೆದಾರರ ತೆರವು ಕಾಯಿದೆಯಡಿ ನ್ಯಾಯಮಂಡಳಿಯೇ ತೀರ್ಮಾನಿಸಬೇಕಾದ ವಿಷಯವೇ? ಕಾಯಿದೆಯಲ್ಲಿ ಎಲ್ಲಿಯೂ ಹಾಗೆ ಬರೆದಿರಲಿಲ್ಲ.

ಆಂಧ್ರಪ್ರದೇಶ, ರಾಜಸ್ಥಾನ, ಮಧ್ಯಪ್ರದೇಶ, ಕೇರಳ, ಪಂಜಾಬ್ ಮತ್ತು ಹರಿಯಾಣ ಹೈಕೋರ್ಟುಗಳು 83ನೆಯ ಕಲಮಿನ ಧಾರಾಳತನವನ್ನು ಹಿಡಿದವು: ಆಸ್ತಿ ವಕ್ಫ್‌ನದಾದರೆ ವಿವಾದ ಯಾವುದೇ ಇರಲಿ, ನ್ಯಾಯಮಂಡಳಿಗೇ ಬರಲಿ. ಕರ್ನಾಟಕ, ಮದ್ರಾಸ್, ಅಲಹಾಬಾದ್, ಬಾಂಬೆ ಹೈಕೋರ್ಟುಗಳು 85ನೆಯ ಕಲಮಿನ ಮಿತಿಯನ್ನು ಹಿಡಿದವು: ಕಾಯಿದೆ ನ್ಯಾಯಮಂಡಳಿಗೆ ವಹಿಸಿದ ವಿಷಯ ಮಾತ್ರ ಅಲ್ಲಿಗೆ, ಉಳಿದದ್ದು ಸಿವಿಲ್ ನ್ಯಾಯಾಲಯಕ್ಕೆ.

ನಮ್ಮ ರಾಜ್ಯದ ಮಟ್ಟಿಗೆ ಇದರ ಅರ್ಥವೇನೆಂದು ನೋಡಿ. ಬೀದರ್, ಕಲಬುರಗಿ, ರಾಯಚೂರು 1956ರವರೆಗೆ ಹೈದರಾಬಾದ್ ರಾಜ್ಯದಲ್ಲಿದ್ದವು. ನಿಜಾಮರ ಆಡಳಿತದ ಉಮೂರ್-ಎ-ಮಜಹಬಿ ಇಲಾಖೆಯ ಕಣ್ಗಾವಲು ಹೈದರಾಬಾದಿನ ಮಸೀದಿ, ದರ್ಗಾಗಳ ಮೇಲಿದ್ದಂತೆಯೇ ಈ ಊರುಗಳ ಮಸೀದಿ, ದರ್ಗಾಗಳ ಮೇಲೂ ಇತ್ತು. ಕಾಗದಪತ್ರದ ಉರ್ದು, ಗುತ್ತಿಗೆಯ ರೂಢಿ, ಅಂಗಡಿ ಕಟ್ಟಿದ ಬಗೆ ಎಲ್ಲವೂ ಒಂದೇ. ರಾಜ್ಯಗಳು ಬೇರೆಯಾದ ಮೇಲೆ ಹೈಕೋರ್ಟುಗಳೂ ಬೇರೆಯಾದವು. ಬೀದರಿನ ಮುತವಲ್ಲಿ ಬಾಡಿಗೆದಾರರ ಮೇಲೆ ಸಿವಿಲ್ ನ್ಯಾಯಾಲಯಕ್ಕೆ ಹೋಗಬೇಕಾದರೆ, ಅಂಥದೇ ಅಂಗಡಿಯ ಸಲುವಾಗಿ ಹೈದರಾಬಾದಿನ ಮುತವಲ್ಲಿ ನ್ಯಾಯಮಂಡಳಿಗೆ ಹೋಗುತ್ತಿದ್ದರು. ಕೇಂದ್ರದ ಕಾಯಿದೆ ಒಂದೇ. ಅದರ ಅರ್ಥ ರಾಜ್ಯದ ಗಡಿ ದಾಟುವಾಗ ಬದಲಾಗುತ್ತಿತ್ತು.

ಸುಗ್ರಾ ಹುಮಾಯೂನ್ ಮಿರ್ಜಾ ವಕ್ಫ್‌ನ ಮೊಕದ್ದಮೆ

ಗೊಂದಲಕ್ಕೆ ತೆರೆ ಎಳೆಯುವ ಸಂದರ್ಭ ಬಂದದ್ದು ಹೈದರಾಬಾದಿನಿಂದಲೇ. ಆ ವಕ್ಫ್‌ಗೆ ಇರುವ ಹೆಸರು ಸುಗ್ರಾ ಹುಮಾಯೂನ್ ಮಿರ್ಜಾ ಅವರದು. ಉರ್ದುವಿನಲ್ಲಿ ಕಾದಂಬರಿ, ಪ್ರವಾಸಕಥನ ಬರೆದು, ಮಹಿಳೆಯರಿಗಾಗಿ ಪತ್ರಿಕೆ ನಡೆಸಿ, ಹೆಣ್ಣುಮಕ್ಕಳ ಶಿಕ್ಷಣಕ್ಕಾಗಿ ಸಫ್ದರಿಯಾ ಶಾಲೆ ತೆರೆದ ಧೀಮಂತೆ ಅವರು. ಅಂಥ ದಾನಿಯ ಹೆಸರಿನ ವಕ್ಫ್ ತನ್ನ ಬಾಡಿಗೆದಾರರನ್ನು ತೆರವುಗೊಳಿಸಲು ನ್ಯಾಯಮಂಡಳಿಗೆ ಹೋಗಿ ಆದೇಶ ಪಡೆಯಿತು. ಹೈಕೋರ್ಟು ಅದನ್ನು ಎತ್ತಿಹಿಡಿಯಿತು. ಬಾಡಿಗೆದಾರರು ಸುಪ್ರೀಂ ಕೋರ್ಟಿನ ಮೆಟ್ಟಿಲೇರಿದರು.

2010ರ ಸೆಪ್ಟೆಂಬರ್ 1ರಂದು ನ್ಯಾಯಮೂರ್ತಿಗಳಾದ ಮಾರ್ಕಂಡೇಯ ಕಾಟ್ಜು ಮತ್ತು ಟಿ.ಎಸ್. ಠಾಕೂರ್ ಅವರ ಪೀಠ ತೀರ್ಪು ಕೊಟ್ಟಿತು. ಬರೆದವರು ಠಾಕೂರ್, 1994ರಿಂದ 2004ರವರೆಗೆ ನಮ್ಮ ಹೈಕೋರ್ಟಿನ ಪೀಠದಲ್ಲಿದ್ದು, ಮುಂದೆ ಭಾರತದ ಮುಖ್ಯ ನ್ಯಾಯಮೂರ್ತಿಗಳಾದವರು. ವಕೀಲರ ಬಾಯಲ್ಲಿ ರಮೇಶ್ ಗೋಬಿಂದ್‌ರಾಮ್ ತೀರ್ಪು ಎಂದೇ ಹೆಸರಾದ ಅದರ ತಿರುಳು ಇಷ್ಟು. ಸಿವಿಲ್ ನ್ಯಾಯಾಲಯದ ಅಧಿಕಾರ ಹೋಗಿದೆ ಎಂದು ಸುಮ್ಮನೆ ಊಹಿಸಕೂಡದು. ಆಸ್ತಿ ವಕ್ಫ್ ಹೌದೋ ಅಲ್ಲವೋ, ವಕ್ಫ್ ಶಿಯಾದೋ ಸುನ್ನಿಯದೋ ಎಂಬಂಥ ಪ್ರಶ್ನೆಗಳನ್ನು 6 ಮತ್ತು 7ನೆಯ ಕಲಮುಗಳು ನ್ಯಾಯಮಂಡಳಿಗೆ ವಹಿಸಿವೆ. 83ನೆಯ ಕಲಮು ನ್ಯಾಯಮಂಡಳಿಯನ್ನು ರಚಿಸಲು ಅಧಿಕಾರ ಕೊಡುತ್ತದೆ, ಅಷ್ಟರಿಂದಲೇ ಸಿವಿಲ್ ನ್ಯಾಯಾಲಯದ ಕೈ ಕಟ್ಟಿದಂತಾಗುವುದಿಲ್ಲ. ವಕ್ಫ್ ಎಂದು ಎಲ್ಲರೂ ಒಪ್ಪಿದ ಆಸ್ತಿಯಿಂದ ಬಾಡಿಗೆದಾರರನ್ನು ತೆರವು ಮಾಡಿಸುವ ದಾವೆ ಸಿವಿಲ್ ನ್ಯಾಯಾಲಯಕ್ಕೇ ಸೇರಿದ್ದು. ನಮ್ಮ ಹೈಕೋರ್ಟಿನ ನಿಲುವಿಗೆ ಹೀಗೆ ದೇಶವ್ಯಾಪಿ ಮನ್ನಣೆ ಸಿಕ್ಕಿತು.

ತೀರ್ಪಿನ ತರ್ಕ ನೇರವಾಗಿತ್ತು. ಅದರ ಬೆಲೆ ತೆತ್ತವರು ಮಾತ್ರ ಹಲವರು. ನ್ಯಾಯಮಂಡಳಿಗೆ ಹೋಗುವುದೇ ಸರಿ ಎಂದು ಹೈಕೋರ್ಟುಗಳು ಹೇಳಿದ್ದ ರಾಜ್ಯಗಳಲ್ಲಿ, ಆ ಮಾತನ್ನು ನಂಬಿ ವರ್ಷಗಟ್ಟಲೆ ಮೊಕದ್ದಮೆ ನಡೆಸಿದವರು ಮತ್ತೆ ಮೊದಲಿನಿಂದ ಶುರುಮಾಡಬೇಕಾದ ಸ್ಥಿತಿ ಬಂತು. ಕೇರಳದ ಮದ್ರಸಾ ಸಮಿತಿಯೊಂದು ಹಳೆಯ ಕಾನೂನಿನ ಕಾಲದಲ್ಲಿ ಹೂಡಿದ್ದ ತೆರವಿನ ವ್ಯಾಜ್ಯ ಸುಪ್ರೀಂ ಕೋರ್ಟಿನಲ್ಲಿ 2014ರಲ್ಲಿ ತೀರ್ಮಾನವಾದಾಗ, ಅದಕ್ಕೂ 2010ರ ತತ್ತ್ವವೇ ಅನ್ವಯವಾಯಿತು.

2013: ಸಂಸತ್ತು ಬಾಗಿಲು ಬದಲಿಸಿತು

ಸಾಚಾರ್ ವರದಿಯ ನಂತರ ವಕ್ಫ್ ಕುರಿತ ಜಂಟಿ ಸಂಸದೀಯ ಸಮಿತಿಯ ಅಧ್ಯಕ್ಷರಾಗಿ ವಿಷಯವನ್ನು ಆಳವಾಗಿ ನೋಡಿದವರು ಮಂಡ್ಯ ಜಿಲ್ಲೆಯ ಕೆ. ರೆಹಮಾನ್ ಖಾನ್. 2013ರಲ್ಲಿ ತಿದ್ದುಪಡಿ ಕಾಯಿದೆ ಅಂಗೀಕಾರವಾದಾಗ ಅಲ್ಪಸಂಖ್ಯಾತರ ವ್ಯವಹಾರಗಳ ಕೇಂದ್ರ ಸಚಿವರೂ ಅವರೇ. 2013ರ 27ನೆಯ ಕಾಯಿದೆಯಾಗಿ ಬಂದು ನವೆಂಬರ್ 1ರಂದು ಜಾರಿಯಾದ ಈ ತಿದ್ದುಪಡಿ 83ನೆಯ ಕಲಮಿಗೆ ಹೊಸ ಮಾತು ಸೇರಿಸಿತು: ಬಾಡಿಗೆದಾರರ ತೆರವು ಮತ್ತು ಗುತ್ತಿಗೆ ಕೊಟ್ಟವರು, ಪಡೆದವರ ಹಕ್ಕುಬಾಧ್ಯತೆಗಳ ನಿರ್ಣಯ ನ್ಯಾಯಮಂಡಳಿಯ ವ್ಯಾಪ್ತಿಗೆ ಬಂತು. ಠಾಕೂರ್ ಅವರ ತೀರ್ಪು ಕಾಯಿದೆಯಲ್ಲಿ ಹುಡುಕಿ ಕಾಣದೇ ಹೋದ ಪದಗಳನ್ನು ಸಂಸತ್ತು ಈಗ ಬರೆದಿಟ್ಟಿತು. 85ನೆಯ ಕಲಮಿನ ನಿಷೇಧಕ್ಕೆ ಕಂದಾಯ ನ್ಯಾಯಾಲಯ, ಇತರ ಪ್ರಾಧಿಕಾರಗಳೂ ಸೇರಿದವು.

ನ್ಯಾಯಮಂಡಳಿಯ ಸ್ವರೂಪವೂ ಬದಲಾಯಿತು. ಒಬ್ಬರ ಜಾಗದಲ್ಲಿ ಮೂವರು: ಅಧ್ಯಕ್ಷರಾಗಿ ನ್ಯಾಯಾಧಿಕಾರಿ, ಹೆಚ್ಚುವರಿ ಜಿಲ್ಲಾ ದಂಡಾಧಿಕಾರಿಗೆ ಸಮನಾದ ಒಬ್ಬ ಆಡಳಿತಾಧಿಕಾರಿ, ಮುಸ್ಲಿಂ ಕಾನೂನು ಬಲ್ಲ ಒಬ್ಬರು. ಅವಧಿ ಮುಗಿದ ಅಥವಾ ರದ್ದಾದ ಗುತ್ತಿಗೆಯ ನಂತರವೂ ಕುಳಿತವರು ಒತ್ತುವರಿದಾರರು ಎಂಬ ವ್ಯಾಖ್ಯೆ ಬಂತು. ಅವರ ಮೇಲೆ ವಕ್ಫ್ ಮಂಡಳಿಯ ಮುಖ್ಯ ಕಾರ್ಯನಿರ್ವಾಹಕ ಅಧಿಕಾರಿ ನ್ಯಾಯಮಂಡಳಿಗೆ ಅರ್ಜಿ ಹಾಕುವ ಇನ್ನೊಂದು ದಾರಿಯೂ ತೆರೆಯಿತು. ವಾಣಿಜ್ಯ, ಶಿಕ್ಷಣ, ಆರೋಗ್ಯದ ಉದ್ದೇಶಗಳಿಗೆ 30 ವರ್ಷಗಳವರೆಗೆ ಗುತ್ತಿಗೆ ಕೊಡುವ ಅವಕಾಶ ಬಂತು, 2014ರಲ್ಲಿ ಗುತ್ತಿಗೆ ನಿಯಮಗಳೂ ಬಂದವು. ನನ್ನ ಮುತವಲ್ಲಿಯವರ ವಾದಪತ್ರ ಹಿಂದಿರುಗಿದ್ದು ಈ ಬದಲಾವಣೆಯ ಕಾರಣಕ್ಕೆ.

ಆಮೇಲೂ ಸ್ವಲ್ಪ ಕಾಲ ಮಸುಕು ಉಳಿದಿತ್ತು. ವಕ್ಫ್ ಎಂದು ಒಪ್ಪಿದ ಆಸ್ತಿಯಾದರೆ ಒಂದು ದಾರಿ, ವಕ್ಫ್ ಎಂಬುದೇ ವಿವಾದವಾದರೆ ಇನ್ನೊಂದು ದಾರಿ ಎಂಬ ವಾದ ನಡೆದೇ ಇತ್ತು. 2021ರ ಅಕ್ಟೋಬರ್ 28ರಂದು ರಶೀದ್ ವಲಿ ಬೇಗ್ ಮೊಕದ್ದಮೆಯಲ್ಲಿ ನ್ಯಾಯಮೂರ್ತಿಗಳಾದ ಹೇಮಂತ್ ಗುಪ್ತಾ ಮತ್ತು ವಿ. ರಾಮಸುಬ್ರಮಣಿಯನ್ ಅವರ ಪೀಠ 83ನೆಯ ಕಲಮಿನ ಮಾತುಗಳನ್ನು ಒಂದೊಂದಾಗಿ ಬಿಡಿಸಿ, ಆ ಕಲಮಿನ ವ್ಯಾಪ್ತಿ ಎರಡೂ ಬಗೆಯ ಆಸ್ತಿಗಳನ್ನು ಒಳಗೊಳ್ಳುತ್ತದೆ, ಇಂಥ ಭೇದಕ್ಕೆ ನೆಲೆಯಿಲ್ಲ ಎಂದಿತು. ಸಿವಿಲ್ ನ್ಯಾಯಾಲಯವೆಂದೇ ಪರಿಗಣಿತವಾದ ನ್ಯಾಯಮಂಡಳಿಗೆ ನಿರ್ಬಂಧಕಾಜ್ಞೆ ಕೊಡುವ ಅಧಿಕಾರವೂ ಇದೆ ಎಂಬುದು ಖಚಿತವಾಯಿತು.

2025ರ ಬದಲಾವಣೆಗಳು

2025ರ ಏಪ್ರಿಲ್ 8ರಿಂದ ಜಾರಿಗೆ ಬಂದ ತಿದ್ದುಪಡಿ ಸಾರ್ವಜನಿಕವಾಗಿ ಬಹಳ ಚರ್ಚೆಯಾಯಿತು. ಅದರ ಸಿಂಧುತ್ವದ ಪ್ರಶ್ನೆ ಸುಪ್ರೀಂ ಕೋರ್ಟಿಗೆ ಹೋಗಿ, ಆ ವರ್ಷದ ಸೆಪ್ಟೆಂಬರ್ 15ರ ಮಧ್ಯಂತರ ಆದೇಶದಲ್ಲಿ ಕೆಲವು ಉಪಬಂಧಗಳಿಗೆ ತಡೆ ಬಿತ್ತು. ತಿದ್ದುಪಡಿ ತಂದ ಬದಲಾವಣೆಗಳಲ್ಲಿ ಬಾಡಿಗೆ ವ್ಯಾಜ್ಯ ನಡೆಸುವವರು ಗಮನಿಸಬೇಕಾದವು ಮೂರು. ನ್ಯಾಯಮಂಡಳಿಯ ತೀರ್ಮಾನವೇ ಅಂತಿಮ ಎಂಬ ಮಾತು ಹೋಗಿ, 90 ದಿನಗಳಲ್ಲಿ ಹೈಕೋರ್ಟಿಗೆ ಮೇಲ್ಮನವಿ ಸಲ್ಲಿಸುವ ಹಕ್ಕು ಬಂತು. ವಕ್ಫ್ ಆಸ್ತಿಯ ಸ್ವಾಧೀನದ ದಾವೆಗೆ ಕಾಲಮಿತಿಯಿಲ್ಲ ಎನ್ನುತ್ತಿದ್ದ 107ನೆಯ ಕಲಮಿನ ವಿನಾಯಿತಿ ಬಿದ್ದುಹೋಯಿತು. ಇನ್ನು ಮುತವಲ್ಲಿ ಉದಾಸೀನ ಮಾಡಿ ಕೂರುವಂತಿಲ್ಲ. ನೋಂದಣಿಯಾಗದ ವಕ್ಫ್ ತನ್ನ ಹಕ್ಕಿಗಾಗಿ ದಾವೆ ನಡೆಸಲು ಅಡ್ಡಿ ಬಂತು. ಕಡತದಲ್ಲಿ ನೋಂದಣಿ ಪತ್ರ ಮೊದಲ ಹಾಳೆಯಾಗಬೇಕಾದ ಕಾಲವಿದು.

ಬಾಡಿಗೆದಾರರ ಕಡೆಯಿಂದ

ಈ ಚರಿತ್ರೆಯನ್ನು ಮುತವಲ್ಲಿಯ ಕಣ್ಣಿನಿಂದಷ್ಟೇ ನೋಡಿದರೆ ಅರ್ಧ ಸತ್ಯ ಹೇಳಿದಂತಾಗುತ್ತದೆ. ವಕ್ಫ್ ಅಂಗಡಿಗಳ ಬಾಡಿಗೆದಾರರಲ್ಲಿ ಎಲ್ಲ ಧರ್ಮದವರೂ ಇದ್ದಾರೆ: ದರ್ಜಿ, ಸೈಕಲ್ ರಿಪೇರಿಯವರು, ಚಹಾದಂಗಡಿಯವರು, ಬಳೆ ಮಾರುವವರು. ಹಲವರಿಗೆ ಆ ಹತ್ತಡಿ ಜಾಗವೇ ಜೀವನ. ತಮ್ಮ ಊರಿನ ಸಿವಿಲ್ ನ್ಯಾಯಾಲಯ ಬಿಟ್ಟು, ದೂರದ ನಗರದಲ್ಲಿ ಕೂರುವ, ಧಾರ್ಮಿಕ ಹೆಸರಿನ ಮಂಡಳಿಯ ಮುಂದೆ ನಿಲ್ಲಬೇಕೆಂದರೆ ಅವರಿಗೆ ಅಳುಕು ಸಹಜ. ಮುಖ್ಯಸ್ಥಾನದಲ್ಲಿ ಕೂರುವವರು ನ್ಯಾಯಾಧಿಕಾರಿ, ಅನುಸರಿಸುವುದು ಸಿವಿಲ್ ಪ್ರಕ್ರಿಯೆ, ಮೇಲೆ ಹೈಕೋರ್ಟು ಇದೆ ಎಂದು ನಾನು ಎಷ್ಟೋ ಬಾಡಿಗೆದಾರರಿಗೆ ಕೂರಿಸಿಕೊಂಡು ಹೇಳಿದ್ದೇನೆ. ಆ ಮಾತು ನಿಜವಾಗಿ ಉಳಿಯಬೇಕಾದರೆ ಸದಸ್ಯರ ಕುರ್ಚಿಗಳು ಖಾಲಿ ಬೀಳಬಾರದು, ಕಲಾಪಗಳು ಮುಂದೂಡುತ್ತ ಹೋಗಬಾರದು, ಕಕ್ಷಿದಾರರ ಊರಿನ ಹತ್ತಿರ ಬೈಠಕ್ ನಡೆಯಬೇಕು. ಸಿವಿಲ್ ನ್ಯಾಯಾಲಯದ ಬಾಗಿಲು ಮುಚ್ಚಿ ಇನ್ನೊಂದು ಬಾಗಿಲು ತೋರಿಸುವ ಸರ್ಕಾರ, ಆ ಬಾಗಿಲು ತೆರೆದೇ ಇರುವಂತೆ ನೋಡಿಕೊಳ್ಳುವ ಹೊಣೆಯನ್ನೂ ಹೊರಬೇಕು.

ಸಂಘದ ಕಿರಿಯ ಮಿತ್ರರಿಗೆ ನನ್ನ ಮಾತು ಇಷ್ಟೇ. ವಕ್ಫ್ ಆಸ್ತಿಯ ಬಾಡಿಗೆ ಕಡತ ಕೈಗೆ ಬಂದಾಗ ಬಾಕಿ ಎಷ್ಟು ಎಂದು ಕೂಡಿಸುವ ಮೊದಲು ಮೂರು ಸಂಗತಿ ನೋಡಿಕೊಳ್ಳಿ: ವಕ್ಫ್ ನೋಂದಣಿಯಾಗಿದೆಯೇ, ಗುತ್ತಿಗೆ ಕೊಡುವಾಗ ಕಾಯಿದೆಯಂತೆ ಅನುಮತಿ ಇತ್ತೇ, ಹಿಂದೆ ದಾವೆ ಹೂಡಿದ್ದರೆ ಆ ದಿನಾಂಕ 2013ರ ನವೆಂಬರಿಗಿಂತ ಹಿಂದಿನದೋ ಮುಂದಿನದೋ. ಬಾಗಿಲು ಯಾವುದೆಂಬ ಆಕ್ಷೇಪ ಮೊದಲ ವಾಯಿದೆಯಲ್ಲೇ ತೀರಬೇಕು. ಹತ್ತು ವರ್ಷದ ನಂತರ ಸುಪ್ರೀಂ ಕೋರ್ಟಿನಲ್ಲಿ ತೀರಿದರೆ ಗೆದ್ದವರಿಗೂ ಅದರಲ್ಲಿ ಏನೂ ಉಳಿದಿರುವುದಿಲ್ಲ.

ನನ್ನ ಆ ಮುತವಲ್ಲಿಯವರ ವಾದಪತ್ರವನ್ನು ನ್ಯಾಯಮಂಡಳಿಯ ಮುಂದೆ ಹೊಸದಾಗಿ ಸಲ್ಲಿಸಿದೆವು. ವಿಚಾರಣೆ ಕೊನೆಮುಟ್ಟುವ ಮೊದಲೇ ಎರಡೂ ಕಡೆಯವರು ರಾಜಿಗೆ ಬಂದರು. ಬಾಡಿಗೆದಾರರು ಹೊಸ ಬಾಡಿಗೆಗೆ, ಬರವಣಿಗೆಯ ಕರಾರಿಗೆ ಒಪ್ಪಿ ಅಂಗಡಿಯಲ್ಲೇ ಉಳಿದರು. ಸಹಿ ಹಾಕಿ ಹೊರಬಂದ ಮೇಲೆ ಬಾಡಿಗೆದಾರರು ಮುತವಲ್ಲಿಯವರ ಕೈ ಹಿಡಿದು, “ಚಾಚಾ, ಇಬ್ಬರನ್ನೂ ಎದುರುಬದುರು ಕೂರಿಸಿ ಕೇಳುವವರು ಮೊದಲೇ ಸಿಕ್ಕಿದ್ದರೆ ನಾನು ಆಗಲೇ ಒಪ್ಪುತ್ತಿದ್ದೆ” ಎಂದರು. ಮುತವಲ್ಲಿಯವರು ನನ್ನತ್ತ ತಿರುಗಿ, ಅಂದಿನ ಪ್ರಶ್ನೆ ನೆನಪಿದೆಯೇ ಎಂಬಂತೆ ನೋಡಿದರು. ನೆನಪಿತ್ತು. ಈಗಲೂ ಇದೆ.